ಲಿಂಕನ್ ಬರೀ ಸೋಲುತ್ತಲೇ ಇದ್ದರೇ?

'1832ರಲ್ಲಿ ಸೋಲು, 1838ರಲ್ಲಿ ಶಾಸನಸಭೆಯ ಸಭಾಧ್ಯಕ್ಷ ಸ್ಥಾನಕ್ಕೆ ಸೋಲು, 1848ರಲ್ಲಿ ಸೋಲು... 1860ರಲ್ಲಿ ಅಮೆರಿಕದ ಅಧ್ಯಕ್ಷ!' ಅಬ್ರಹಾಂ ಲಿಂಕನ್ ಹೆಸರಿನ ಈ ಪಟ್ಟಿ ವಾಟ್ಸ್‌ಆ್ಯಪ್‌ನಲ್ಲಿ ಮತ್ತೆ ಮತ್ತೆ ಬರುತ್ತದೆ.

ಸತ್ಯಾಂಶ: ಸೋಲುಗಳು ಹಲವು ನಿಜ, ಆದರೆ ನಡುವಿನ ಗೆಲುವುಗಳನ್ನು ಕತ್ತರಿಸಿ ಹಾಕಲಾಗಿದೆ. 1832ರಲ್ಲಿ ಇಲಿನಾಯ್ ರಾಜ್ಯದ ಶಾಸನಸಭೆಗೆ ನಿಂತು ಸೋತಾಗಲೂ ಅವರ ಊರಾದ ನ್ಯೂ ಸೇಲಂನ 300 ಮತಗಳಲ್ಲಿ 277 ಅವರಿಗೇ ಬಿದ್ದಿದ್ದವು. ಊರಿನವರು ಅವರನ್ನು ಕೈಬಿಟ್ಟಿರಲಿಲ್ಲ. 1834ರಿಂದ ಸತತ ನಾಲ್ಕು ಬಾರಿ ಗೆದ್ದರು. 'ಮಾನಸಿಕವಾಗಿ ಕುಸಿದರು' ಎಂದು ಪಟ್ಟಿ ಹೇಳುವ 1836ರಲ್ಲೇ ಮರು ಆಯ್ಕೆಯಾದರು, ವಕೀಲಿಕೆಯ ಸನ್ನದನ್ನೂ ಪಡೆದರು.

1848ರ 'ಸೋಲು' ಶುದ್ಧ ತಪ್ಪು. 1846ರಲ್ಲಿ ಗೆದ್ದು ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಕೆಳಮನೆಗೆ ಹೋದ ಲಿಂಕನ್, ಸ್ಥಾನವನ್ನು ಸರದಿಯಂತೆ ಬಿಟ್ಟುಕೊಡುವ ಪಕ್ಷದೊಳಗಿನ ಒಪ್ಪಂದದಂತೆ ಮತ್ತೆ ಸ್ಪರ್ಧಿಸಲೇ ಇಲ್ಲ.

ಸ್ಪ್ರಿಂಗ್‌ಫೀಲ್ಡ್ ಎಂಬ ಪುಟ್ಟ ಪಟ್ಟಣದ ಈ ವಕೀಲರು ಕುದುರೆಯೇರಿ ಊರೂರು ಸುತ್ತಿ ವಾದಿಸುತ್ತಿದ್ದರು. ಪತ್ರಗಳನ್ನು ಎತ್ತರದ ಟೋಪಿಯೊಳಗೇ ಇಟ್ಟುಕೊಳ್ಳುತ್ತಿದ್ದರು. 1857ರಲ್ಲಿ ರೈಲ್ವೆ ಕಂಪನಿಯೊಂದು ಶುಲ್ಕ ಕೊಡದಾಗ ಅದರ ಮೇಲೇ ದಾವೆ ಹೂಡಿ 5,000 ಡಾಲರ್ ಗೆದ್ದರು. ಇದು ಸೋತು ಸುಣ್ಣವಾದ ಮನುಷ್ಯನ ಬದುಕಲ್ಲ. ಮಕ್ಕಳಿಗೆ ಧೈರ್ಯ ತುಂಬಲು ಈ ನಿಜವೇ ಹೆಚ್ಚು ಒಳ್ಳೆಯದೆಂದು ನನ್ನ ನಂಬಿಕೆ.

ಕಾಂಗ್ರೆಸ್ಸಿನ ಮೇಲ್ಮನೆಯಾದ ಸೆನೆಟ್‌ ಸ್ಥಾನ 1855 ಮತ್ತು 1858ರಲ್ಲಿ ಕೈತಪ್ಪಿದ್ದು ಮಾತ್ರ ದಿಟ. ಆಗ ಸೆನೆಟರನ್ನು ಆರಿಸುತ್ತಿದ್ದುದು ಜನರಲ್ಲ, ರಾಜ್ಯದ ಶಾಸನಸಭೆ. 1858ರ ಸ್ಪರ್ಧೆಯಲ್ಲಿ ಸ್ಟೀಫನ್ ಡಗ್ಲಸ್‌ಗೆ 54, ಲಿಂಕನ್‌ಗೆ 46 ಮತ ಬಂದವು.