ಛತ್ರಿ ಹಿಂದೆ ಲಂಡನ್ನು

ಲಂಡನ್ನಿನ ಟ್ರಫಾಲ್ಗರ್ ಸ್ಕ್ವೇರಲ್ಲಿ ಬೆಳಗ್ಗೆ ಹೊತ್ತು ಹೋಗಿ ನಿಂತ್ರೆ ಮೊದ್ಲು ಕಣ್ಣಿಗೆ ಬೀಳೋದು ನೆಲ್ಸನ್ ಅನ್ನೋ ನೌಕಾ ಸೇನಾಪತಿಯ ಕಂಬ ಅಲ್ಲ, ಛತ್ರಿಗಳು. ಮಳೆ ಇರ್ಲಿ ಬಿಡ್ಲಿ, ಮಡಿಸಿದ ಬಣ್ಣದ ಛತ್ರಿ ಮೇಲೆತ್ತಿ ಹಿಡ್ಕೊಂಡು ಅಲ್ಲೊಬ್ಬ ಇಲ್ಲೊಬ್ಬಳು ವಾಕಿಂಗ್ ಟೂರ್ ಗೈಡ್ ನಿಂತಿರ್ತಾರೆ, ಒಂದೊಂದು ಛತ್ರಿ ಸುತ್ತ ಇಪ್ಪತ್ತು ಇಪ್ಪತ್ತೈದು ಜನ ಮುಖ ಮುಖ ನೋಡ್ಕೊಂಡು. ಈ ಗುಂಪಲ್ಲಿ ನೀವೂ ಸೇರ್ಕೊಂಡ್ರಿ ಅಂದ್ರೆ ಮುಂದಿನ ಎರಡು ಎರಡೂವರೆ ಗಂಟೆ ನಿಮ್ಮ ಜೀವನ ಆ ಛತ್ರಿ ಕೈಲಿ. ಅದು ನಿಂತ್ರೆ ನಿಲ್ಬೇಕು, ಅದು ರಸ್ತೆ ದಾಟಿದ್ರೆ ದಾಟ್ಬೇಕು, ಸಿಗ್ನಲ್ಲಲ್ಲಿ ಅರ್ಧ ಜನ ಆ ಕಡೆ ಹೋಗಿ ಅರ್ಧ ಜನ ಈ ಕಡೆ ಉಳ್ಕೊಂಡ್ರೆ ಉಳಿದವ್ರ ಮುಖದಲ್ಲಿ ಬರೋ ಗಾಬರಿ ನೋಡ್ಬೇಕು, ಮನೇಲಿ ಎರಡು ಮಕ್ಳನ್ನ ಸಾಕಿರೋ ದೊಡ್ಡ ಮನುಷ್ಯರು ಅವ್ರು!

ನಾನು ಹೋಗಿದ್ದು ಚಿಕ್ಕಪ್ಪ ಚಿಕ್ಕಮ್ಮನ ಜೊತೆ. ಟೂರ್ ಫ್ರೀ ಅಂತ ಇತ್ತು. ಫ್ರೀ ಅಂದ್ರೆ ಮೊದ್ಲು ದುಡ್ಡು ಕೇಳಲ್ಲ, ಕೊನೇಲಿ ನಿಮಗೆ ಎಷ್ಟು ಅನ್ಸತ್ತೋ ಅಷ್ಟು ಟಿಪ್ಸ್ ಕೊಡಿ ಅಂತ. ಚಿಕ್ಕಪ್ಪಂಗೆ ಇದು ಸುತರಾಂ ಇಷ್ಟ ಆಗ್ಲಿಲ್ಲ. "ರೇಟ್ ಹೇಳಿಬಿಟ್ರೆ ಮುಗೀತಪ್ಪ, ಈಗ ದಾರಿಯುದ್ದಕ್ಕೂ ಎಷ್ಟು ಕೊಡೋದು ಅಂತ್ಲೇ ಯೋಚ್ನೆ ಮಾಡ್ಕೊಂಡು ನಡೀಬೇಕು" ಅಂದ್ರು. ನಿಜಕ್ಕೂ ಹಂಗೇ ಆಯ್ತು, ಗೈಡ್ ಹುಡುಗಿ ಒಂದು ಒಳ್ಳೆ ಜೋಕ್ ಹೇಳಿದ್ರೆ ಒಂದು ಪೌಂಡು ಏರಿಸೋರು, ಗಾಳೀಲಿ ನಿಲ್ಸಿ ಜಾಸ್ತಿ ಹೊತ್ತು ಕೊರೆದ್ರೆ ಇಳಿಸೋರು.

ಬೇಲೂರು ಹಳೇಬೀಡಲ್ಲಿ ಗೈಡ್ ಟಾರ್ಚ್ ಬಿಟ್ಟು "ಇಲ್ನೋಡಿ ಸಾರ್, ಈ ಬಳೆ ಕೈಲಿ ತಿರುಗತ್ತೆ" ಅಂದಾಗ ಗುಡಿಯಷ್ಟು ದೊಡ್ಡ ಗುಡಿ ಮರೆತು ಎಲ್ರೂ ಆ ಬಳೆಗೆ ಬಗ್ತಾರಲ್ಲ, ಲಂಡನ್ ಗೈಡುಗಳ ಕಸುಬೂ ಅದೇ. ನೆಲ್ಸನ್ ಕಂಬ 1843ರಲ್ಲಿ ಆಗಿದ್ದು ಅಂದ್ರೆ ಯಾರೂ ತಲೆ ಎತ್ತಲ್ಲ. ಆದ್ರೆ 2006ರಲ್ಲಿ ರಿಪೇರಿಗೆ ಅಟ್ಟ ಕಟ್ಟಿ ಸರಿಯಾಗಿ ಅಳೆದು ನೋಡಿದ್ರೆ ಅದು 52 ಮೀಟರಿನ ಹತ್ತತ್ರ ಅಷ್ಟೇ ಇತ್ತು, ಅಲ್ಲೀವರೆಗೂ ಎಲ್ಲರೂ ಹೇಳ್ಕೊಂಡು ಬಂದಿದ್ದಕ್ಕಿಂತ ನಾಲ್ಕೈದು ಮೀಟರ್ ಗಿಡ್ಡ ಅಂದ ತಕ್ಷಣ ಎಲ್ರೂ ಕತ್ತೆತ್ತಿ ನೋಡಿದ್ವಿ, ಕಮ್ಮಿ ಆಗಿರೋ ಮೀಟರ್ ಅಲ್ಲೇ ಎಲ್ಲೋ ಕಾಣತ್ತೆ ಅನ್ನೋ ಥರ. ಕೆಳಗಿರೋ ನಾಲ್ಕು ಸಿಂಹಗಳು ಬಂದಿದ್ದು 1867ರಲ್ಲಿ, ಮಾಡಿದ್ದು ಲ್ಯಾಂಡ್ಸೀರ್ ಅನ್ನೋ ಚಿತ್ರಕಾರ. ಅವನಿಗೆ ಮಾದರಿಗೆ ಅಂತ ಲಂಡನ್ ಝೂನಿಂದ ಒಂದು ಸತ್ತ ಸಿಂಹ ಕೊಟ್ಟಿದ್ರಂತೆ, ಕೆಲ್ಸ ಮುಗಿಯೋ ಮುಂಚೆ ಅದು ಕೊಳೀತಂತೆ. ಅದಕ್ಕೇ ಪಂಜ ನಾಯೀದು ಇದ್ದಂಗಿದೆ ನೋಡಿ ಅಂದ್ಲು. ಪಂಜದ ವಿಷ್ಯ ಎಷ್ಟು ಸತ್ಯವೋ, ಚಿಕ್ಕಮ್ಮ ಮಾತ್ರ ಹೋಗಿ ಮುಟ್ಟಿ ನೋಡ್ಕೊಂಡು ಬಂದು "ಹೌದು ಕಣೇ, ನಾಯೀದೇ" ಅಂತ ಸರ್ಟಿಫಿಕೇಟ್ ಕೊಟ್ರು.

ಅಲ್ಲೇ ಪಕ್ಕದ ವೃತ್ತದಲ್ಲಿ ಕುದುರೆ ಮೇಲೆ ಕೂತಿರೋ ಒಂದನೇ ಚಾರ್ಲ್ಸ್ ರಾಜ ಇದಾನೆ, ನನಗೆ ಆ ಇಡೀ ಸ್ಕ್ವೇರಲ್ಲಿ ಇಷ್ಟ ಆಗಿದ್ದು ಅವನೇ, ಅವನಿಗಿಂತ ಅವನನ್ನ ಬಚ್ಚಿಟ್ಟ ಕಂಚುಗಾರ. ರಾಜನ್ನ ಸೋಲಿಸಿದ ಪಾರ್ಲಿಮೆಂಟಿನವ್ರು ಈ ಪ್ರತಿಮೆ ಒಡೆದು ಹಾಕು ಅಂತ ಒಬ್ಬ ಲೋಹದ ಕೆಲಸದವನಿಗೆ ಮಾರಿದ್ರು. ಅವ್ನು ಆಗ್ಲಿ ಸ್ವಾಮಿ ಅಂತ ತಗೊಂಡೋಗಿ ನೆಲದಲ್ಲಿ ಹೂತಿಟ್ಟು, ಬೇರೆ ಯಾವ್ದೋ ಲೋಹದಲ್ಲಿ ಚೂರಿ ಹಿಡಿ ಅದು ಇದು ಮಾಡಿ, ಇದೇ ರಾಜನ ಪ್ರತಿಮೆ ಕರಗಿಸಿ ಮಾಡಿದ್ದು ಅಂತ ಎರಡೂ ಪಾರ್ಟಿಯವರಿಗೂ ಮಾರಿದನಂತೆ. ರಾಜನ ಭಕ್ತರು ಕಣ್ಣಿಗೊತ್ಕೊಂಡು ತಗೊಂಡ್ರು, ವೈರಿಗಳು ಖುಷಿಗೆ ತಗೊಂಡ್ರು. ಆಮೇಲೆ ಚಾರ್ಲ್ಸ್ ಮಗ ರಾಜ ಆದಾಗ ಕಂಚುಗಾರ ಹೂತಿಟ್ಟಿದ್ದನ್ನ ತೆಗೆದ, 1675ರಲ್ಲಿ ಇಲ್ಲಿ ನಿಲ್ಸಿದ್ರು. ಲಂಡನ್ ಇಷ್ಟು ಮೈಲಿ ಅಂತ ರಸ್ತೆ ಬೋರ್ಡಲ್ಲಿ ಬರೆದಿರ್ತಾರಲ್ಲ, ಆ ಮೈಲಿ ಲೆಕ್ಕ ಶುರುವಾಗೋದು ಈ ಜಾಗದಿಂದಾನೆ. ಬಿಸಿನೆಸ್ ಅಂದ್ರೆ ಇದು ಅಂತ ಚಿಕ್ಕಪ್ಪ ಎರಡು ಪೌಂಡು ಏರಿಸಿದ್ರು.

ಹತ್ತಿರದಲ್ಲೇ ಅಡ್ಮಿರಾಲ್ಟಿ ಆರ್ಚ್ ಅಂತ ದೊಡ್ಡ ಕಮಾನು. ಅದರ ಒಳಗೋಡೇಲಿ, ಮನುಷ್ಯನ ತಲೆಗಿಂತ ಸ್ವಲ್ಪ ಮೇಲೆ, ಒಂದು ಮೂಗಿದೆ. ಬರೀ ಮೂಗು. ಮುಖ ಇಲ್ಲ ಏನಿಲ್ಲ. ಇದು ನೆಪೋಲಿಯನ್ ಮೂಗು, ಕುದುರೆ ಸವಾರರು ಹೋಗ್ತಾ ಹೋಗ್ತಾ ಅದನ್ನ ಉಜ್ಜಿ ಹೋಗೋರು ಅಂತ ಗೈಡುಗಳು ಬಹಳ ವರ್ಷ ಕಥೆ ಹೇಳಿದ್ರಂತೆ. ಆಮೇಲೆ 2011ರಲ್ಲಿ ಗೊತ್ತಾಯ್ತು, 1997ರಲ್ಲಿ ಒಬ್ಬ ಕಲಾವಿದ ಊರ ತುಂಬ ಸಿಸಿಟಿವಿ ಕ್ಯಾಮೆರಾ ಹಾಕ್ತಿದಾರೆ ಅನ್ನೋ ಸಿಟ್ಟಿಗೆ, ಕ್ಯಾಮೆರಾ ಕಣ್ಣೆದುರಲ್ಲೇ ತನ್ನ ಮೂಗಿನ ಅಚ್ಚು ತೆಗೆದು ಅಲ್ಲಲ್ಲಿ ಗೋಡೆಗೆ ಅಂಟಿಸಿಬಿಟ್ಟಿದ್ದ ಅಂತ. ನನಗೆ ಈ ಎರಡನೇ ಕಥೇನೇ ಚೆನ್ನಾಗಿದೆ ಅನ್ಸತ್ತೆ, ಆದ್ರೂ ನಮ್ಮ ಗುಂಪಿನವ್ರು ಫೋಟೋ ತಗೊಳೋವಾಗ ನೆಪೋಲಿಯನ್ ನೋಸ್ ಅಂತ್ಲೇ ಅನ್ನೋರು. ಒಂದು ಸಲ ಕಿವಿಗೆ ಬಿದ್ದ ಚೆಂದದ ಸುಳ್ಳನ್ನ ಕಿತ್ತು ಹಾಕೋದು ಕಷ್ಟ.

ಇಲ್ಲಿಂದ ಮುಂದೆ ನಡೀತಾ ನಡೀತಾ ಒಂದು ವಿಷ್ಯ ಗಮನಿಸಿದೆ. ಗೈಡ್ ಒಂದೇ ಟೂರ್ ಮಾಡಿಸ್ತಿರ್ತಾಳೆ, ಆದ್ರೆ ಹಿಂದೆ ಬರೋ ಒಬ್ಬೊಬ್ಬರ ತಲೇಲೂ ಬೇರೆ ಬೇರೆ ಟೂರ್ ನಡೀತಿರತ್ತೆ. ವಾಟರ್ಲೂ ಪ್ಲೇಸ್ ಅನ್ನೋ ಕಡೆ ಒಂದು ಕ್ಲಬ್ಬಿನ ಮುಂದೆ ಫುಟ್‌ಪಾತ್ ಅಂಚಲ್ಲಿ ಒಂದು ಕಲ್ಲಿದೆ, ಡ್ಯೂಕ್ ಆಫ್ ವೆಲ್ಲಿಂಗ್ಟನ್ ಕುದುರೆ ಹತ್ತೋಕೆ ಇಳಿಯೋಕೆ ಅಂತ 1830ರಲ್ಲಿ ಹಾಕ್ಸಿದ್ದು, ಆಗ ಅವನಿಗೆ ಅರವತ್ತರ ಮೇಲಾಗಿತ್ತು. ಗೈಡ್ ನೆಪೋಲಿಯನ್ನು, 1815, ಬೆಲ್ಜಿಯಂನ ವಾಟರ್ಲೂ ಯುದ್ಧದಲ್ಲಿ ಈ ಡ್ಯೂಕ್ ಅವನನ್ನ ಸೋಲಿಸಿದ್ದು ಅಂತ ಶುರು ಹಚ್ಕೊಂಡ್ಲು. ಗುಂಪಲ್ಲಿದ್ದ ಫ್ರೆಂಚ್ ದಂಪತಿ ಏನೋ ನೆನಪಾದೋರ ಥರ ಆಕಾಶ ನೋಡ್ತಿದ್ರು. ಚಿಕ್ಕಪ್ಪ ನನ್ನ ತೋಳು ಹಿಡಿದು ಜಗ್ಗಿ "ಇವನೇ ಕಣೇ ಅವನು, ಆರ್ಥರ್ ವೆಲ್ಲೆಸ್ಲಿ, 1799ರಲ್ಲಿ ಟಿಪ್ಪು ಬಿದ್ದ ಮೇಲೆ ಶ್ರೀರಂಗಪಟ್ಟಣದ ಗವರ್ನರ್ ಆಗಿ ಕೂತವ್ನು" ಅಂದ್ರು. ನಾನು ಕಲ್ಲನ್ನ ಇನ್ನೊಂದ್ಸಲ ನೋಡಿದೆ. ಎರಡು ಮೆಟ್ಟಿಲಿನ ಸಾಧಾರಣ ಕಲ್ಲು, ಅಂಚು ಸವೆದಿದೆ, ಪಕ್ಕದಲ್ಲಿ ಯಾರೋ ಕುಡಿದಿಟ್ಟ ಕಾಫಿ ಕಪ್ಪು. ಗೈಡ್ ಬಾಯಲ್ಲಿ ಬೆಲ್ಜಿಯಂ, ನಮ್ಮ ತಲೇಲಿ ಕಾವೇರಿ. ಅವಳಿಗೆ ಇದನ್ನ ಹೇಳೋಣ ಅನ್ನೋಷ್ಟರಲ್ಲಿ ಛತ್ರಿ ಮುಂದೆ ಹೋಗಾಗಿತ್ತು.

ಬಕಿಂಗ್‌ಹ್ಯಾಮ್ ಅರಮನೆ ಬಗ್ಗೆ ಬರೆಯೋಕೆ ನನ್ನ ಹತ್ರ ಜಾಸ್ತಿ ಏನಿಲ್ಲ. 775 ರೂಮಂತೆ, ಗೇಟ್ ಹೊರಗೆ ಅಷ್ಟೇ ಜನ ಮೊಬೈಲ್ ಎತ್ಕೊಂಡು ನಿಂತಿರ್ತಾರೆ. ಚಿಕ್ಕಮ್ಮಂಗೆ ಮಾತ್ರ ಅಲ್ಲೊಂದು ಆಟ ಸಿಕ್ತು, ಕರಡಿ ಕೂದಲಿನ ಟೋಪಿ ಹಾಕ್ಕೊಂಡ ಕಾವಲಿನವರ ಕೋಟಿನ ಗುಂಡಿ ನೋಡಿ ಯಾವ ರೆಜಿಮೆಂಟ್ ಅಂತ ಹೇಳೋದು. ಗುಂಡಿ ಒಂದೊಂದಾಗಿ ಸಮ ಅಂತರದಲ್ಲಿದ್ರೆ ಗ್ರೆನೆಡಿಯರ್, ಎರಡೆರಡು ಜೋಡಿ ಇದ್ರೆ ಕೋಲ್ಡ್‌ಸ್ಟ್ರೀಮ್, ಮೂರು ಮೂರು ಇದ್ರೆ ಸ್ಕಾಟ್ಸ್, ನಾಲ್ಕಾದ್ರೆ ಐರಿಷ್, ಐದಾದ್ರೆ ವೆಲ್ಷ್. ಮನೇಲಿ ಎಲ್ಲರ ಶರ್ಟಿನ ಕಿತ್ತೋದ ಗುಂಡಿ ಹಾಕಿದ ಅನುಭವ ಇರೋ ಚಿಕ್ಕಮ್ಮ ದೂರದಿಂದಾನೇ ಎಣಿಸಿ ಐರಿಷ್ ಅಂದ್ರು, ಗೈಡ್ ಹೌದು ಅಂದ್ಲು, ಆವತ್ತು ಪೂರ್ತಿ ಚಿಕ್ಕಮ್ಮನ ನಡಿಗೆ ಸ್ಟೈಲೇ ಬೇರೆ.

ಸೇಂಟ್ ಜೇಮ್ಸ್ ಪಾರ್ಕಲ್ಲಿ ಪೆಲಿಕನ್ ಹಕ್ಕಿ ತೋರಿಸಿದ್ಲು, 1664ರಲ್ಲಿ ರಷ್ಯಾದ ರಾಯಭಾರಿ ರಾಜನಿಗೆ ಉಡುಗೊರೆ ಕೊಟ್ಟಾಗಿಂದ ಇಲ್ಲಿ ಪೆಲಿಕನ್ ಇವೆಯಂತೆ. ಪಾರ್ಕ್ ದಾಟಿ ಹೋಗ್ತಾ ಬಲಗಡೆ ಮೆಟ್ಟಿಲುಗಳ ಮೇಲೆ ಇನ್ನೊಂದು ಪ್ರತಿಮೆ, ಕತ್ತಿ ಸಮೇತ. ಛತ್ರಿ ಅಲ್ಲಿ ನಿಲ್ಲಲಿಲ್ಲ. ಚಿಕ್ಕಪ್ಪ ಕಣ್ಣು ಕಿರಿದು ಮಾಡ್ಕೊಂಡು ಹೆಸರು ಓದಿದ್ರು, ಕ್ಲೈವ್. ಪ್ಲಾಸಿ ಕದನದ ರಾಬರ್ಟ್ ಕ್ಲೈವೇ. ಸತ್ತು ನೂರು ವರ್ಷದ ಮೇಲಾದ್ಮೇಲೆ, 1912ರಲ್ಲಿ ಅವನಿಗೆ ಪ್ರತಿಮೆ ನಿಲ್ಸಿದಾರೆ. ಮೂಗಿಗೆ ಹತ್ತು ನಿಮಿಷ ನಿಂತ್ವಿ, ಇವನಿಗೆ ಅರ್ಧ ನಿಮಿಷ ಇಲ್ಲ. ನಾನೇನು ಅವಳ ಮೇಲೆ ತಪ್ಪು ಹೊರಿಸ್ತಿಲ್ಲ, ಕ್ಲೈವ್ ಬಗ್ಗೆ ಹೇಳೋಕೆ ಹೊರಟ್ರೆ ಜೋಕ್ ಮಾಡೋಕಾಗಲ್ಲ, ಜೋಕಿಲ್ದೆ ಟಿಪ್ಸ್ ಬೀಳಲ್ಲ.

ಹಾರ್ಸ್ ಗಾರ್ಡ್ಸ್ ಕಟ್ಟಡದ ಗಡಿಯಾರದಲ್ಲಿ ಎರಡು ಗಂಟೆಯ ಹತ್ರ ಒಂದು ಕಪ್ಪು ಗುರುತಿದೆ. ಅದು ಚಾರ್ಲ್ಸ್ ರಾಜನ ತಲೆ ತೆಗೆದ ಹೊತ್ತು ಅಂತಾರೆ. ಎದುರುಗಡೆ ಬ್ಯಾಂಕ್ವೆಟಿಂಗ್ ಹೌಸ್, ಅದರ ಮುಂದೇನೇ ವಧಾಸ್ಥಾನ ಕಟ್ಟಿದ್ರು. 1649ರ ಜನವರಿ 30, ಕೊರೆಯೋ ಚಳಿ. ಚಳಿಗೆ ನಡುಗಿದ್ರೆ ಜನ ಹೆದರಿ ನಡುಗ್ತಿದಾನೆ ಅಂದ್ಕೋತಾರೆ ಅಂತ ರಾಜ ಒಂದರ ಮೇಲೊಂದು ಎರಡು ಶರ್ಟು ಹಾಕ್ಕೊಂಡ್ನಂತೆ. ಇದನ್ನ ಕೇಳಿದ್ದೇ ಗುಂಪಲ್ಲಿ ಇದ್ದೋರೆಲ್ಲಾ ಜಾಕೆಟ್ ಜಿಪ್ ಮೇಲಕ್ಕೆ ಎಳ್ಕೊಂಡ್ವಿ. ಸ್ಕೂಲಲ್ಲಿ ಇಂಗ್ಲೆಂಡಿನ ಅಂತರ್ಯುದ್ಧದ ಕಾರಣಗಳು, ಪರಿಣಾಮಗಳು ಅಂತ ಐದು ಮಾರ್ಕಿನ ಪ್ರಶ್ನೆಗೆ ಬಾಯಿಪಾಠ ಮಾಡಿದ್ದು ಒಂದೂ ನೆನಪಿಲ್ಲ, ಈ ಎರಡನೇ ಶರ್ಟು ಮಾತ್ರ ಇನ್ನು ಮರೆಯಲ್ಲ.

ಡೌನಿಂಗ್ ಸ್ಟ್ರೀಟ್ ಒಂದು ದೊಡ್ಡ ತಮಾಷೆ. 1989ರಿಂದ ಬೀದಿ ಬಾಯಿಗೆ ಕಬ್ಬಿಣದ ಗೇಟು, ಬಂದೂಕು ಹಿಡ್ಕೊಂಡ ಪೊಲೀಸು, ಪ್ರಧಾನಿ ಮನೆ ಬಾಗಿಲು ಅಲ್ಲಿಂದ ಸರಿಯಾಗಿ ಕಾಣೋದೇ ಇಲ್ಲ. ಗೈಡ್ ಬ್ಯಾಗಿಂದ ಲ್ಯಾಮಿನೇಟ್ ಮಾಡ್ಸಿದ ಬಾಗಿಲಿನ ಫೋಟೋ ತೆಗೆದು ತೋರ್ಸಿದ್ಲು, ನಾವು ಅಷ್ಟು ದೂರ ಹೋಗಿ ಫೋಟೋದ ಫೋಟೋ ತಗೊಂಡ್ವಿ. ಆ ಮನೆಯ ಕಪ್ಪು ಇಟ್ಟಿಗೆ ನಿಜಕ್ಕೂ ಹಳದಿಯಂತೆ, ಕಾಲಾಂತರದ ಹೊಗೆಗೆ ಕಪ್ಪಾಗಿದ್ದು, 1960ರ ದಶಕದಲ್ಲಿ ರಿಪೇರಿ ಮಾಡ್ವಾಗ ತೊಳೆದು ನೋಡಿದ್ರೆ ಹಳದಿ ಬಂತು, ಜನಕ್ಕೆ ಕಪ್ಪೇ ಅಭ್ಯಾಸ ಆಗಿದೆ ಅಂತ ಮತ್ತೆ ಕಪ್ಪು ಬಣ್ಣ ಬಳಿದ್ರು.

ಚಿಕ್ಕಪ್ಪ ಕಾಯ್ತಿದ್ದಿದ್ದು ಬಿಗ್ ಬೆನ್ನಿಗೆ. ಅವರ ಕೈಲಿ ಇನ್ನೂ ಕೀ ಕೊಡೋ ಎಚ್‌ಎಂಟಿ ವಾಚೇ. ಬಿಗ್ ಬೆನ್ ಅಂದ್ರೆ ಒಳಗಿರೋ ಗಂಟೆ, ಗೋಪುರದ ಹೆಸ್ರು 2012ರಿಂದ ಎಲಿಜಬೆತ್ ಟವರ್ ಅನ್ನೋದೆಲ್ಲ ಅವ್ರಿಗೆ ಮೊದ್ಲೇ ಗೊತ್ತಿತ್ತು. 13.7 ಟನ್ನಿನ ಗಂಟೆ 1859ರಲ್ಲೇ ಬಿರುಕು ಬಿಡ್ತು, ಅದನ್ನ ಸ್ವಲ್ಪ ತಿರುಗಿಸಿ ಕೂರ್ಸಿ ಹಗುರದ ಸುತ್ತಿಗೆ ಹಾಕಿ ಹಂಗೇ ಬಾರಿಸ್ತಾ ಬಂದಿದಾರೆ ಅನ್ನೋದೂ ಗೊತ್ತಿತ್ತು. ಗೊತ್ತಿಲ್ದೇ ಇದ್ದಿದ್ದು ಪೆನ್ನಿ ವಿಷ್ಯ. ಗಡಿಯಾರ ಹಿಂದೆ ಬಿದ್ರೆ ಲೋಲಕದ ಮೇಲೆ ಹಳೇ ಕಾಲದ ಒಂದು ಪೆನ್ನಿ ನಾಣ್ಯ ಇಡ್ತಾರೆ, ದಿನಕ್ಕೆ 0.4 ಸೆಕೆಂಡು ಮುಂದೆ ಹೋಗತ್ತೆ. ಜಾಸ್ತಿ ಓಡಿದ್ರೆ ಒಂದು ಪೆನ್ನಿ ತೆಗೀತಾರೆ. ಚಿಕ್ಕಪ್ಪ ಮುಂದಿನ ಸಾಲಿಗೆ ನುಗ್ಗಿ, ತೂಕ ಮೇಲೆ ಸೇರಿದ್ರೆ ಲೋಲಕ ಗಿಡ್ಡ ಆದಂಗೆ, ಅದಕ್ಕೇ ಬೇಗ ತೂಗತ್ತೆ ಅಂತ ಕೈಯಲ್ಲಿ ಆಡಿಸಿ ತೋರಿಸಿ ಆ ಹುಡುಗಿಗೇ ಪಾಠ ಹೇಳಿದ್ರು. 1949ರಲ್ಲಿ ಹಕ್ಕಿಗಳ ಹಿಂಡು ನಿಮಿಷದ ಮುಳ್ಳಿನ ಮೇಲೆ ಕೂತು ಗಡಿಯಾರ ನಾಲ್ಕೂವರೆ ನಿಮಿಷ ಲೇಟಾಗಿತ್ತಂತೆ, ಅದಕ್ಕೆ ಎಷ್ಟು ಪೆನ್ನಿ ಬೇಕಾಗ್ತಿತ್ತು ಅಂತ ಲೆಕ್ಕನೂ ಶುರು ಮಾಡಿದ್ರು. "ನೀವು ಸ್ವಲ್ಪ ಸುಮ್ನಿರ್ತೀರಾ, ಅವಳ ಹೊಟ್ಟೆಪಾಡು ಅದು" ಅಂತ ಚಿಕ್ಕಮ್ಮ ಎಳ್ಕೊಂಡು ಬಂದ್ರು.

ಪಾರ್ಲಿಮೆಂಟ್ ಸ್ಕ್ವೇರಲ್ಲಿ 2015ರಿಂದ ಗಾಂಧೀಜಿ ನಿಂತಿದಾರೆ. ಅದೇ ಚೌಕದಲ್ಲಿ ಅವರನ್ನ ಅರೆಬೆತ್ತಲೆ ಫಕೀರ ಅಂದಿದ್ದ ಚರ್ಚಿಲ್ಲೂ ಇದಾನೆ, ಓವರ್‌ಕೋಟ್ ಹಾಕ್ಕೊಂಡು. ಅಲ್ಲೇ ಟೂರ್ ಮುಗೀತು, ಟೋಪಿ ಮುಂದೆ ಬಂತು. ಟಿಪ್ಸ್ ಹೊತ್ತು ಬಂತು ಅಂದ್ರೆ ಗುಂಪು ಹೆಂಗೆ ಕರಗತ್ತೆ ಅಂತ ನೋಡೋದೇ ಒಂದು ಅನುಭವ, ವೆಸ್ಟ್‌ಮಿನ್‌ಸ್ಟರ್ ಅಬ್ಬೆ ಚರ್ಚಿನ ಮುಂದೆ ಅಷ್ಟು ಪ್ರಶ್ನೆ ಕೇಳಿದ್ದ ಮನುಷ್ಯ ಫೋನ್ ಕಿವಿಗಿಟ್ಕೊಂಡು ಹಂಗೇ ಹಿಂದಕ್ಕೆ ಹಿಂದಕ್ಕೆ ಹೋಗಿ ಮಾಯ. ನಾವು ಮೂರೂ ಜನ ಕನ್ನಡದಲ್ಲಿ ಮೀಟಿಂಗ್ ಮಾಡಿದ್ವಿ, ಕ್ಲೈವ್ ಹತ್ರ ನಿಲ್ಲಲಿಲ್ಲ ಅಂತ ಕಟ್ ಮಾಡೋದಾ, ಪೆನ್ನಿ ಹೇಳಿದ್ಲು ಅಂತ ಸೇರ್ಸೋದಾ, ಪೌಂಡನ್ನ ರೂಪಾಯಿ ಮಾಡಿ ನೋಡಿ ಒಂದ್ಸಲ ಎದೆ ಹಿಡ್ಕೊಂಡು, ಕೊನೆಗೆ ಪೆನ್ನಿ ಗೆದ್ದಿತು.

ಆದ್ರೆ ನಮ್ಮದಿನ್ನೂ ಮುಗಿದಿರಲಿಲ್ಲ. ಯಾವ ಛತ್ರೀನೂ ಕರ್ಕೊಂಡು ಹೋಗದ ಜಾಗ ಒಂದಿತ್ತು. ಲ್ಯಾಂಬೆತ್ ಸೇತುವೆ ದಾಟಿದ್ರೆ ಥೇಮ್ಸ್ ಆಚೆ ದಡದಲ್ಲಿ, ಆಲ್ಬರ್ಟ್ ಎಂಬ್ಯಾಂಕ್‌ಮೆಂಟಲ್ಲಿ, ಬಸವಣ್ಣನ ಪ್ರತಿಮೆ ಇದೆ, 2015ರ ನವೆಂಬರಲ್ಲಿ ನಮ್ಮ ಪ್ರಧಾನಿ ಬಂದು ಅನಾವರಣ ಮಾಡಿದ್ದು. ಸ್ಥಾವರ ಬೇಡ ಅಂದವರನ್ನೇ ಇಷ್ಟು ದೂರ ತಂದು ನಿಲ್ಸಿದೀವಲ್ಲ ಅಂತ ನಾನಂದೆ, ಚಿಕ್ಕಮ್ಮ ಚಪ್ಪಲಿ ಬಿಟ್ಟು ಕೈ ಮುಗೀತಿದ್ರು, ಕಿವಿಗೆ ಹಾಕ್ಕೊಳ್ಲಿಲ್ಲ. ಅಲ್ಲಿಂದ ನೋಡಿದ್ರೆ ಹೊಳೆ ಆಚೆ ಪಾರ್ಲಿಮೆಂಟು ಪೂರ್ತಿ ಕಾಣತ್ತೆ.

ಅಷ್ಟೊತ್ತಿಗೆ ಜಾಗಿಂಗ್ ಬಂದ ಗಂಡ ಹೆಂಡ್ತಿ ಇಬ್ರು ಉಸಿರು ಬಿಡ್ತಾ ನಿಂತು ಇವರ್ಯಾರು ಅಂತ ಕೇಳಿದ್ರು. ಚಿಕ್ಕಪ್ಪ ಗಂಟಲು ಸರಿ ಮಾಡ್ಕೊಂಡ್ರು. ಹನ್ನೆರಡನೇ ಶತಮಾನ, ಕಲ್ಯಾಣ, ಬಿಜ್ಜಳನ ಭಂಡಾರಿ, ಅನುಭವ ಮಂಟಪ, ಚಪ್ಪಲಿ ಹೊಲಿಯೋರು ದೋಣಿ ನಡೆಸೋರು ಎಲ್ರೂ ಒಟ್ಟಿಗೆ ಕೂತು ಚರ್ಚೆ, ಹೆಂಗಸರಿಗೂ ಸಮ ಜಾಗ, ಎಲ್ಲಾ ಸರಿಯಾಗೇ ಹೇಳ್ತಾ ಇದ್ರು. ಅವರಿಬ್ರೂ ಅಷ್ಟು ಆಸಕ್ತಿಯಿಂದ ತಲೆ ಅಲ್ಲಾಡಿಸಿದ್ದೇ ತಡ, ಚಿಕ್ಕಪ್ಪ ಕೈಲಿದ್ದ ಛತ್ರಿ ಎತ್ತಿ ಹೊಳೆ ಆಚೆ ತೋರಿಸಿ, ಇಂಗ್ಲೆಂಡಿಂದ ಒಬ್ಬ ವ್ಯಾಪಾರಿ ಕಲ್ಯಾಣಕ್ಕೆ ಬಂದು ಮಂಟಪ ನೋಡ್ಕೊಂಡು ಹೋಗಿ ಇಲ್ಲಿ ಅದನ್ನ ಶುರು ಮಾಡ್ಸಿದ ಅಂದ್ಬಿಟ್ರು. ನಾನು ಹೌಹಾರಿ, "ಚಿಕ್ಕಪ್ಪಾ, ಇದ್ಯಾವಾಗ ಆಯ್ತು?" ಅಂದೆ ಕನ್ನಡದಲ್ಲಿ.

"ಸುಮ್ನಿರೇ," ಅಂದ್ರು ಅವರ ಕಡೆ ನಗ್ತಾನೇ, "ಅವ್ರು ಮೂಗಿಗೆ ನೆಪೋಲಿಯನ್ ಅಂದಾಗ ಕೇಳಿದ್ಯಾ?"