ಪಾಠ ಚೆಂದವಿದೆ, ಮಸಿ ಎಲ್ಲಿಯದು?

ಹಳಗನ್ನಡ ಗ್ರಂಥಸಂಪಾದನೆಯಲ್ಲಿ, ಅಂದರೆ ಹಳೆಯ ಪ್ರತಿಗಳನ್ನು ಹೋಲಿಸಿ ಕವಿ ಬರೆದ ಮಾತು (ಪಾಠ) ಯಾವುದೆಂದು ಗೊತ್ತುಮಾಡುವಲ್ಲಿ, ಜಗಳ ಹುಟ್ಟಿದರೆ ಅದು ಹೆಚ್ಚಾಗಿ ಪ್ರಾಸ, ಛಂದಸ್ಸು, ಔಚಿತ್ಯಗಳ ಸುತ್ತಲೇ ತಿರುಗುತ್ತದೆ. ನಾನಿರುವ ಇಂಗ್ಲೆಂಡಿನಲ್ಲಿ 19ನೇ ಶತಮಾನದ ನಾಟಕ ಸಂಪಾದಕರ ಜಗಳ ಮಸಿಯ ತನಕ ಇಳಿಯಿತು. ನಮ್ಮ ಪದ್ಧತಿ ಕೀಳು ಎನ್ನುತ್ತಿಲ್ಲ. ಆ ಒಂದು ಮೆಟ್ಟಿಲು ನಾವು ಸಾಕಷ್ಟು ಇಳಿದಿಲ್ಲ ಎಂಬುದು ನನ್ನ ತಕರಾರು.

ಜಾನ್ ಪೇನ್ ಕಾಲಿಯರ್ ಆಗಿನ ದೊಡ್ಡ ವಿದ್ವಾಂಸ, 1840ರ ಷೇಕ್ಸ್‌ಪಿಯರ್ ಸೊಸೈಟಿಯ ಸ್ಥಾಪಕ. ಷೇಕ್ಸ್‌ಪಿಯರನ ನಾಟಕಗಳ ದೊಡ್ಡ ಆಕಾರದ ಸಂಪುಟವಾದ ಫೋಲಿಯೊದ ಎರಡನೇ ಮುದ್ರಣದ (1632) ಪ್ರತಿಯೊಂದನ್ನು 30 ಷಿಲಿಂಗಿಗೆ ಕೊಂಡಿದ್ದಾಗಿಯೂ ಅದರ ಅಂಚುಗಳಲ್ಲಿ ಯಾರೋ ಹಳಬ ಸಾವಿರಾರು ತಿದ್ದುಪಡಿ ಬರೆದಿದ್ದಾನೆಂದೂ 1852ರಲ್ಲಿ ಸಾರಿದ. ರಟ್ಟಿನ ಮೇಲೆ ಥಾಮಸ್ ಪರ್ಕಿನ್ಸ್ ಎಂಬ ಹೆಸರಿದ್ದುದರಿಂದ ಅದು ಪರ್ಕಿನ್ಸ್ ಫೋಲಿಯೊ ಆಯಿತು. ತಿದ್ದುಪಡಿಗಳಲ್ಲಿ ಕೆಲವು ನಗೆಪಾಟಲು. ಷೇಕ್ಸ್‌ಪಿಯರನ ಹಾಸ್ಯಪಾತ್ರ ಫಾಲ್‌ಸ್ಟಾಫ್ ಸಾಯುವಾಗ ‘ಹಸಿರು ಬಯಲುಗಳ ಬಗ್ಗೆ ಬಡಬಡಿಸಿದ’ ಎಂಬುದು 18ನೇ ಶತಮಾನದ ಸಂಪಾದಕ ಥಿಯೊಬಾಲ್ಡ್ ಊಹಿಸಿದ ಸೊಗಸಾದ ಪಾಠ. ಪರ್ಕಿನ್ಸ್ ಪ್ರತಿಯಲ್ಲಿ ಅದರ ಬದಲು ಫಾಲ್‌ಸ್ಟಾಫನ ಮೂಗು ಹಸಿರು ಬಟ್ಟೆ ಹಾಸಿದ ಮೇಜಿನ ಮೇಲಿನ ಲೇಖನಿಯಷ್ಟು ಚೂಪಾಗುತ್ತದೆ! ಆದರೆ ಕೊರಿಯೊಲೇನಸ್ ನಾಟಕದಲ್ಲಿ ‘ಬೋಸಮ್ ಮಲ್ಟಿಪ್ಲೈಡ್’ ಎಂದು ಅರ್ಥವಾಗದಂತೆ ಅಚ್ಚಾಗಿದ್ದದ್ದನ್ನು ಅದೇ ಕೈ ‘ಬಿಸನ್ ಮಲ್ಟಿಟ್ಯೂಡ್’, ಅಂದರೆ ಕುರುಡು ಜನಜಂಗುಳಿ, ಎಂದು ತಿದ್ದಿತ್ತು. ಈ ಪಾಠವನ್ನು ಮುಂದೆ ಅನೇಕ ಸಂಪಾದಕರು ಒಪ್ಪಿದ್ದಾರೆ.

ಮೊದಲು ಸಿಂಗರ್, ಡೈಸ್ ಮುಂತಾದ ಸಂಪಾದಕರು ವಿರೋಧಿಸಿದ್ದು ನಮ್ಮವರ ಹಾಗೆಯೇ: ಈ ಪದ ಆ ಕಾಲದ್ದಲ್ಲ, ಈ ಅರ್ಥ ಸಂದರ್ಭಕ್ಕೆ ಒಗ್ಗದು. ವರ್ಷಗಟ್ಟಲೆ ವಾದ ನಡೆದರೂ ಏನೂ ಇತ್ಯರ್ಥವಾಗಲಿಲ್ಲ. 1859ರಲ್ಲಿ ಪುಸ್ತಕ ಬ್ರಿಟಿಷ್ ಮ್ಯೂಸಿಯಮ್ಮಿನ ಮೇಜಿಗೆ ಬಂದ ಮೇಲೆ ಪ್ರಶ್ನೆಯೇ ಬದಲಾಯಿತು. ಹಸ್ತಪ್ರತಿ ವಿಭಾಗದ ಹ್ಯಾಮಿಲ್ಟನ್ ಅಂಚಿನಲ್ಲಿ ಅರೆಬರೆ ಅಳಿಸಿದ ಪೆನ್ಸಿಲ್ ಗುರುತುಗಳನ್ನು ಕಂಡ. ಪೆನ್ಸಿಲಿನ ಕಾಗುಣಿತ ಹೊಸದು, ಮಸಿಯದು ಹಳೆಯದು. ಖನಿಜ ವಿಭಾಗದ ಮ್ಯಾಸ್ಕೆಲಿನ್ ಸೂಕ್ಷ್ಮದರ್ಶಕದಲ್ಲಿ ನೋಡಿದ: ಪೆನ್ಸಿಲ್ ಗೆರೆ ಮಸಿಯ ಅಡಿಯಲ್ಲಿದೆ. ಮಸಿಯೂ ಕಾಗದದೊಳಕ್ಕೆ ಇಳಿಯುವ ಹಳೆಯ ಕಬ್ಬಿಣದ ಮಸಿಯಲ್ಲ, ಮೇಲೆ ಕೂತ ಜಲವರ್ಣದಂಥ ಬಣ್ಣ. 17ನೇ ಶತಮಾನದ್ದು ಎನಿಸಿಕೊಂಡ ಬರಹ ಹೊಸ ಕಾಗುಣಿತದ ಪೆನ್ಸಿಲ್ ಗೆರೆಯ ಮೇಲೆ ಕೂರುವುದು ಹೇಗೆ?

ಇದಕ್ಕಿಂತ ಕೇಡು ಮಾಡಿದ್ದು ಲಂಡನ್ನಿನ ಡಲ್ವಿಚ್ ಕಾಲೇಜಿನಲ್ಲಿರುವ ಹಳೆಯ ರಂಗಭೂಮಿಯ ಕಾಗದಪತ್ರಗಳ ವಿಷಯ. ರಂಗಮಂದಿರದ ಯಜಮಾನ ಹೆನ್ಸ್‌ಲೋನ ಲೆಕ್ಕದ ಪುಸ್ತಕವನ್ನು ಕಾಲಿಯರ್ 1845ರಲ್ಲಿ ಸಂಪಾದಿಸಿದ್ದ. 1597ರ ಡಿಸೆಂಬರ್ 20ರಂದು ಮಾರ್ಲೋನ ಫಾಸ್ಟಸ್ ನಾಟಕಕ್ಕೆ ಸೇರ್ಪಡೆ ಬರೆದುದಕ್ಕೆ ನಾಟಕಕಾರ ಡೆಕ್ಕರನಿಗೆ 20 ಷಿಲಿಂಗ್, ಅವನದೇ ಟ್ಯಾಂಬರ್ಲೇನ್ ನಾಟಕದ ಪೀಠಿಕೆಗೆ 5 ಷಿಲಿಂಗ್ ಎಂಬ ನಮೂದು ಖೊಟ್ಟಿ. ಇಂಥವನ್ನು ವಾರ್ನರ್ ಆ ಕಾಗದಪತ್ರಗಳ 1881ರ ಸೂಚಿಯಲ್ಲಿ ಬಯಲಿಗೆಳೆದ. ಅಂಚಿನ ತಿದ್ದುಪಡಿಯನ್ನು ಅರ್ಥ ನೋಡಿಯಾದರೂ ತೂಗಬಹುದು. ಲೆಕ್ಕದ ಸಾಲಿಗೆ ಅಂಥ ತಕ್ಕಡಿಯೇ ಇಲ್ಲ. ನಂಬಿದವರು ಅದರ ಮೇಲೆ ನಾಟಕಗಳ ಕಾಲನಿರ್ಣಯ ಕಟ್ಟಿಬಿಡುತ್ತಾರೆ.

ನಮ್ಮ ಕಡೆ ಬನ್ನಿ. ಛಂದಸ್ಸು ನಮಗೆ ಕಾವಲುಗಾರ. ಸಾಲುಗಳ ಎರಡನೇ ಅಕ್ಷರ ಹೊಂದುವ ದ್ವಿತೀಯಾಕ್ಷರ ಪ್ರಾಸವಿದೆ, ಗಣಗಳ ಲೆಕ್ಕವಿದೆ; ಲಿಪಿಕಾರ (ಪ್ರತಿ ಎತ್ತುವವ) ಹಳಗನ್ನಡದ ೞಕಾರವನ್ನು ಳ ಮಾಡಿದ್ದರೂ, ಱಕಾರವನ್ನು ರ ಮಾಡಿದ್ದರೂ ಸಂಪಾದಕ ಪ್ರಾಸ ಹಿಡಿದು ಹಿಂದಕ್ಕೆ ಹೋಗಬಲ್ಲ. ಇಂಗ್ಲಿಷಿನ ಪ್ರಾಸರಹಿತ ಪದ್ಯಕ್ಕೆ ಈ ಬೇಲಿ ಇಲ್ಲ. 1870ರ ದಶಕದಲ್ಲಿ ಫ್ಲೇ ಎಂಬವನು ನಾಟಕ ಯಾರದು, ಯಾವಾಗಿನದು ಎಂದು ನಿರ್ಣಯಿಸಲು ಪ್ರಾಸದ ಸಾಲು, ಕೊನೆಗೆ ಒಂದು ಅಕ್ಷರ ಹೆಚ್ಚಿರುವ ಸಾಲುಗಳನ್ನು ಎಣಿಸಿ ಕೋಷ್ಟಕ ಹಾಕಿದ, ಎಣಿಕೆಯೇ ತಪ್ಪಿತ್ತು. ಆ ಎಣಿಕೆಗಾರರನ್ನು ಕವಿ ಸ್ವಿನ್‌ಬರ್ನ್ ಗೇಲಿ ಮಾಡಿದಾಗ ಅವರ ಮುಖಂಡ ಫರ್ನಿವಾಲ್ ಅವನ ಹೆಸರನ್ನೇ ತಿರುಚಿ ‘ಪಿಗ್ಸ್‌ಬ್ರೂಕ್’ (ಹಂದಿಯ ತೊರೆ) ಎಂದು ಬೈದ. ವಿದ್ವತ್ತಿಗೂ ಬಾಯಿಗೂ ಸಂಬಂಧವಿಲ್ಲ, ಬಿಡಿ.

ಆದರೆ ಪ್ರಾಸ ಹಿಡಿಯುವುದು ಲಿಪಿಕಾರನ ತಪ್ಪನ್ನು, ಸಮರ್ಥ ಕವಿಯ ವೇಷವನ್ನಲ್ಲ. 1890ರ ದಶಕದಲ್ಲಿ ಮುದ್ದಣ ತನ್ನ ಕೃತಿಗಳನ್ನೇ ಹಳೆಯವೆಂದು ಮೈಸೂರಿಗೆ ಕಳುಹಿಸಿದ, ಅಚ್ಚಾದವು. ಗದ್ಯಕ್ಕೆ ಪ್ರಾಸದ ಕಾವಲಿಲ್ಲ ಸರಿ, ಷಟ್ಪದಿಯಲ್ಲಿದ್ದ ಶ್ರೀರಾಮಪಟ್ಟಾಭಿಷೇಕವೂ ಸಲೀಸಾಗಿ ದಾಟಿತು. ಇನ್ನೊಬ್ಬರ ಬಾಯಿಗೆ ಮಾತು ತುರುಕಿದ ಕಾಲಿಯರ್ ಎಲ್ಲಿ, ತನ್ನ ಕಾವ್ಯವನ್ನೇ ಬೇರೆಯವರ ಹೆಸರಿಗೆ ಬಿಟ್ಟ ಮುದ್ದಣ ಎಲ್ಲಿ! ಆದರೂ ‘ಮೂಲ ಓಲೆ ತೋರಿಸಿ’ ಎಂಬ ಪ್ರಶ್ನೆ ಎರಡೂ ಕಡೆ ಒಂದೇ.

ಓಲೆಗರಿಗೆ ಮಸಿಯ ಪರೀಕ್ಷೆ ಹೊಂದುವುದಿಲ್ಲ. ಅಕ್ಷರವನ್ನು ಕಂಠ ಎಂಬ ಚೂಪು ಮೊನೆಯ ಲೇಖನಿಯಿಂದ ಕೊರೆದು ಆಮೇಲೆ ಕಾಡಿಗೆ ತಿಕ್ಕುತ್ತಾರೆ. ಮಾಸಿದಾಗಲೆಲ್ಲ ಮತ್ತೆ ತಿಕ್ಕುತ್ತಾರೆ. ಕಪ್ಪಿನ ವಯಸ್ಸು ಬರಹದ ವಯಸ್ಸಲ್ಲ. ನೋಡಬೇಕಾದ್ದು ಕೊರೆತವನ್ನು. ಹುಳು ತಿಂದ ತೂತನ್ನು ಬಳಸಿಕೊಂಡು ಹೋದ ಅಕ್ಷರ ತೂತಿಗಿಂತ ಈಚಿನದು. ತೂತು ಅಕ್ಷರವನ್ನೇ ಕಡಿದಿದ್ದರೆ ಅಕ್ಷರ ಹಿಂದಿನದು. ಇದಕ್ಕೆ ಭೂತಗನ್ನಡಿ, ಓರೆಯಾಗಿ ಬಿಟ್ಟ ಬೆಳಕು ಸಾಕು.

ಕೇಂಬ್ರಿಜಿನ ಸಂಪಾದಕರು 1863ರಿಂದ 1866ರವರೆಗೆ ಹೊರತಂದ ಷೇಕ್ಸ್‌ಪಿಯರನ 9 ಸಂಪುಟಗಳಲ್ಲಿ ಪುಟದಡಿಗೆ ಪಾಠಾಂತರ, ಊಹೆ ಯಾರದೆಂಬ ಹೆಸರು ಎರಡನ್ನೂ ಕೊಟ್ಟರು. ‘ಬಿಸನ್’ ಒಪ್ಪುವವರೂ ಅದು ಎಲ್ಲಿಂದ ಬಂತೆಂದು ಬರೆಯಲೇಬೇಕು. ನಮ್ಮ ಒಳ್ಳೆಯ ಆವೃತ್ತಿಗಳಲ್ಲೂ ಕ, ಖ, ಗ ಎಂದು ಹೆಸರಿಟ್ಟ ಹಸ್ತಪ್ರತಿಗಳ ವಿವರವಿದೆ. ಜನಪ್ರಿಯ ಮರುಮುದ್ರಣ ಬಂದಾಗ ಪುಟ ಉಳಿಸಲು ಮೊದಲು ಕಿತ್ತುಹಾಕುವುದು ಅದನ್ನೇ. ಆಗ ಓಲೆಯಲ್ಲಿ ಇದ್ದ ೞಕಾರ ಯಾವುದು, ಸಂಪಾದಕ ಕೂರಿಸಿದ ೞಕಾರ ಯಾವುದು ಎಂದು ಓದುಗನಿಗೆ ತಿಳಿಯುವ ದಾರಿಯೇ ಇರುವುದಿಲ್ಲ.