ಟೀವಿಯ ಬೆಕ್ಕು, ಅಂಗಳದ ಬೆಕ್ಕು

ಪ್ರಶ್ನೆ: ತುಂಟ ಪ್ರಾಣಿಗಳ ಕಾರ್ಟೂನ್ ನಮ್ಮ ಮಕ್ಕಳನ್ನು ಪ್ರಾಣಿಗಳ ಹತ್ತಿರ ತರುತ್ತದೆಯೇ?

ಕಳೆದ ಬೇಸಿಗೆ ರಜೆಯಲ್ಲಿ ಶಿರಸಿ ಹತ್ತಿರದ ನಮ್ಮ ಮನೆಯ ಜಗಲಿಯಲ್ಲಿ ಈ ಮಾತು ಶುರುವಾಯಿತು. ಒಬ್ಬಳು ಕಾರವಾರದಲ್ಲಿ ಸಂಸಾರ ಮಾಡಿಕೊಂಡಿರುವ ಅಕ್ಕ. ಇನ್ನೊಬ್ಬ ಊರಲ್ಲೇ ತೋಟ ನೋಡಿಕೊಂಡಿರುವ ತಮ್ಮ. ಮಾತು ಅಲ್ಲಿ ಮುಗಿಯಲಿಲ್ಲ. ಹಾಗಾಗಿ ಇಬ್ಬರೂ ಬರೆದಿದ್ದೇವೆ.

ಪರ: ಅಕ್ಕನ ಮಾತು

ನಾವು ಕಾರವಾರದ ಕೋಡಿಬಾಗದಲ್ಲಿ ಬಾಡಿಗೆಗೆ ಇದ್ದೇವೆ. ಮಹಡಿ ಮೇಲಿನ ಮನೆ. ನಾಯಿ, ಬೆಕ್ಕು ಸಾಕಬಾರದು ಅಂತ ಮನೆ ಕೊಡುವಾಗಲೇ ಹೇಳಿದ್ದರು. ನಾನು ಬೆಳೆದದ್ದು ಹಾಗಲ್ಲ. ಕೊಟ್ಟಿಗೆ ತುಂಬ ದನ, ಒಲೆಯ ಪಕ್ಕ ಬೆಕ್ಕು, ಅಂಗಳದಲ್ಲಿ ನಾಯಿ. ನನ್ನ ಮಗನಿಗೆ ಏಳು ವರ್ಷವಾದರೂ ಮಡಿಲಲ್ಲಿ ಒಂದು ಬೆಕ್ಕಿನ ಮರಿ ಮಲಗಿದ್ದಿಲ್ಲ. ಇದು ನನಗೆ ಬಹಳ ಕಾಡುವ ವಿಷಯ.

ಅವನಿಗೆ ಬೆಕ್ಕು ಸಿಕ್ಕಿದ್ದು ಟೀವಿಯಲ್ಲಿ. ಹನಿ, ಬನ್ನಿ ಅನ್ನುವ ಎರಡು ಬೆಕ್ಕುಗಳು, ಜೋರ್ದಾರ್ ಅನ್ನುವ ನಾಯಿ, ಪೋಪಟ್ ಅನ್ನುವ ಗಿಳಿ. ಮಿಸ್ ಕಟ್ಕರ್ ಅನ್ನುವ ಹೆಂಗಸಿನ ಮನೆಯಲ್ಲಿ ಎಲ್ಲರೂ ಒಟ್ಟಿಗೆ ಇರುತ್ತಾರೆ. ದಿನಕ್ಕೊಂದು ಕಿತಾಪತಿ ಮಾಡುತ್ತಾರೆ, ಅದರಲ್ಲಿ ತಾವೇ ಸಿಕ್ಕಿ ಬೀಳುತ್ತಾರೆ, ಮತ್ತೆ ಒಬ್ಬರನ್ನೊಬ್ಬರು ಪಾರು ಮಾಡುತ್ತಾರೆ. ಸೋನಿ ಯೇ ಚಾನೆಲ್‌ನಲ್ಲಿ 2017ರಲ್ಲಿ ಶುರುವಾದ ಸರಣಿ ಇದು. ಮಾಡಿದವರು ಮುಂಬೈಯ ಕಾಸ್ಮೋಸ್-ಮಾಯಾ ಸ್ಟುಡಿಯೋದವರು. 2012ರಿಂದ ಮಕ್ಕಳೆಲ್ಲ ನೋಡುತ್ತಿರುವ ಮೋಟು ಪತ್ಲು ಕೂಡ ಇವರದ್ದೇ. ದಿನಕ್ಕೆ ಅರ್ಧ ಗಂಟೆ ಅಂತ ನಾನು ಲೆಕ್ಕ ಇಟ್ಟಿದ್ದೇನೆ. ಅದರ ಮೇಲೆ ಇಲ್ಲ.

ಈಗ ಮೀನು ಮಾರುಕಟ್ಟೆಯ ವಿಷಯ. ನಾವು ಮೀನು ತಿನ್ನುವವರಲ್ಲ. ಆದರೂ ವಾರಕ್ಕೆ ಎರಡು ಸಲ ನಾನು ಕಾರವಾರದ ಮೀನು ಪೇಟೆ ದಾಟಿಯೇ ಬರಬೇಕು. ಮಗನ ಹಟ. ಅಲ್ಲಿ ಬೆಕ್ಕುಗಳಿವೆ. ಮೊದಲು ಅವನು ಹೋಗಿದ್ದು ಹನಿ ಯಾವುದು, ಬನ್ನಿ ಯಾವುದು ಅಂತ ಹುಡುಕಲಿಕ್ಕೆ. ಹದಿನೈದು ದಿನ ಹುಡುಕಿದ. ಎರಡೂ ಸಿಗಲಿಲ್ಲ. ಆದರೆ ಅಷ್ಟರಲ್ಲಿ ಅವನಿಗೆ ಎಲ್ಲ ಬೆಕ್ಕುಗಳೂ ಬೇರೆ ಬೇರೆಯಾಗಿ ಕಾಣತೊಡಗಿದ್ದವು. ಒಂದರ ಕಿವಿ ಹರಿದಿದೆ. ಒಂದು ಯಾವಾಗಲೂ ಮೀನು ಮಾರುವ ಅದೇ ಅಮ್ಮನ ಬುಟ್ಟಿಯ ಹಿಂದೆ ಕೂರುತ್ತದೆ, ಅವಳು ಬಂಗಡೆ ತಲೆ ಎಸೆಯುವವರೆಗೆ ಕೂಗುವುದೇ ಇಲ್ಲ. ಇನ್ನೊಂದಕ್ಕೆ ಕಾಗೆ ಕಂಡರೆ ಹೆದರಿಕೆ. ಇದನ್ನೆಲ್ಲ ನನಗೆ ತೋರಿಸಿದ್ದು ಅವನು. ಅಷ್ಟು ವರ್ಷ ಆ ದಾರಿಯಲ್ಲಿ ಓಡಾಡಿದ ನನಗೆ ಅಲ್ಲಿ ಬರೀ 'ಬೆಕ್ಕುಗಳು' ಇದ್ದವು, ಅಷ್ಟೇ.

ಒಂದೊಂದು ಪ್ರಾಣಿಗೂ ಒಂದೊಂದು ಸ್ವಭಾವ ಇದೆ ಅಂತ ಅವನಿಗೆ ಹೇಳಿಕೊಟ್ಟವರು ಯಾರು? ನಾನಲ್ಲ. ಶಾಲೆಯ ಪುಸ್ತಕವೂ ಅಲ್ಲ. ಅಲ್ಲಿ 'ಬೆಕ್ಕು ಸಾಕುಪ್ರಾಣಿ' ಅಂತ ಒಂದು ಸಾಲು ಇದೆ.

ಕಡಲಾಮೆ ನೋಡಲು ಹೋದಾಗಲೂ ಹೀಗೇ ಆಯಿತು. ನಮ್ಮ ಕರಾವಳಿಯ ಮರಳಲ್ಲಿ ಆಲಿವ್ ರಿಡ್ಲೆ ಆಮೆಗಳು ಮೊಟ್ಟೆ ಇಡುತ್ತವೆ. ಅರಣ್ಯ ಇಲಾಖೆಯವರು ಸುತ್ತ ಬಲೆ ಕಟ್ಟಿ ಕಾಯುತ್ತಾರೆ. ಸುಮಾರು 45ರಿಂದ 60 ದಿನಕ್ಕೆ ಮರಿ ಹೊರಬರುತ್ತವೆ. ಮರಿಗಳನ್ನು ನೀರಿನ ಕಡೆ ಬಿಟ್ಟ ದಿನ ಮಗನನ್ನು ಕರೆದುಕೊಂಡು ಹೋಗಿದ್ದೆ. ಎಲ್ಲ ಮಕ್ಕಳೂ ಫೋಟೋಕ್ಕೆ ನುಗ್ಗುತ್ತಿದ್ದರು. ಇವನು ನನ್ನ ಸೀರೆ ಎಳೆದು ಕೇಳಿದ, "ಆಯಿ, ಇದರ ಆಯಿ ಎಲ್ಲಿ?" ಮೊಟ್ಟೆ ಇಟ್ಟು ಅವತ್ತೇ ಕಡಲಿಗೆ ಹೋಗಿಬಿಡುತ್ತದೆ ಅಂದೆ. ಆ ರಾತ್ರಿ ಅವನಿಗೆ ಎಷ್ಟೋ ಹೊತ್ತು ನಿದ್ದೆ ಬರಲಿಲ್ಲ. ಮರಿಗೆ ದಾರಿ ಹೇಗೆ ಗೊತ್ತಾಗುತ್ತದೆ, ಜೊತೆಗೆ ಯಾರು ಇರುತ್ತಾರೆ ಅಂತ ಒಂದೇ ಸಮನೆ ಕೇಳಿದ. ಜೊತೆಗಾರರು ಬೇಕು ಅನ್ನುವ ಯೋಚನೆ ಆ ನಾಲ್ಕು ತುಂಟರಿಂದಲೇ ಬಂದದ್ದು ಅಂತ ನಾನು ನಂಬುತ್ತೇನೆ.

ಇನ್ನು ಭಾಷೆ. ಕಾರವಾರದಲ್ಲಿ ಬೀದಿಯ ಆಟ ಕೊಂಕಣಿಯಲ್ಲಿ. ನೌಕಾನೆಲೆಯ ಮಕ್ಕಳು ಬಂದರೆ ಹಿಂದಿ. ಕನ್ನಡ ಪಾಠದ ಭಾಷೆಯಾಗಿ ಉಳಿದುಬಿಡುತ್ತದೆ. ಕಾರ್ಟೂನಿನ ಕನ್ನಡದಲ್ಲಿ ಜಗಳ ಇದೆ, ಪೂಸಿ ಹೊಡೆಯುವುದು ಇದೆ, ನಗು ಇದೆ. ಅದು ಬೆಂಗಳೂರು ಕಡೆಯ ಕನ್ನಡ, ನಿಜ. ಆದರೂ ಮಗು ನಗುವ ಭಾಷೆ ಕನ್ನಡ ಆಗುವುದು ಸಣ್ಣ ವಿಷಯ ಅಲ್ಲ. 2009ರಲ್ಲಿ ಚಿಂಟು ಟೀವಿ ಬರುವ ತನಕ ಕನ್ನಡ ಮಕ್ಕಳಿಗೆ ಅಂತಲೇ ಒಂದು ಚಾನೆಲ್ ಇರಲಿಲ್ಲ.

ಹೊಡೆದಾಟ ಜಾಸ್ತಿ ಅನ್ನುತ್ತಾನೆ ತಮ್ಮ. ನಾವು ಚಿಕ್ಕವರಿದ್ದಾಗ ರಾತ್ರಿಯಿಡೀ ಕೂತು ವಾಲಿ-ಸುಗ್ರೀವರ ಯಕ್ಷಗಾನದ ಆಟ ನೋಡಲಿಲ್ವಾ? ಚಂಡೆ ಪೆಟ್ಟಿಗೆ ಇಬ್ಬರೂ ಗುದ್ದಾಡುವಾಗ ನಾವು ಎದ್ದು ನಿಲ್ಲುತ್ತಿದ್ದೆವು. ಮರುದಿನ ನಾವು ಯಾರ ತಲೆಯನ್ನೂ ಒಡೆಯಲಿಲ್ಲ. ಪ್ರಾಣಿ ಮಾತಾಡುವುದು ಸುಳ್ಳು ಅನ್ನುವುದಾದರೆ, ದುರ್ಗಸಿಂಹ 1031ರ ಸುಮಾರಿಗೇ ಕನ್ನಡದಲ್ಲಿ ಪಂಚತಂತ್ರ ಬರೆದ. ಸಾವಿರ ವರ್ಷದಿಂದ ನಮ್ಮ ನರಿ, ಸಿಂಹಗಳು ಕನ್ನಡ ಮಾತಾಡುತ್ತಿವೆ.

ಈಗ ಪ್ರತಿ ಭಾನುವಾರ ಮಗ ಊರಿಗೆ ಫೋನ್ ಮಾಡಿಸುತ್ತಾನೆ. ಅಜ್ಜನನ್ನು ಕೇಳುವ ಮೊದಲ ಪ್ರಶ್ನೆ, ಬೆಕ್ಕು ಮರಿ ಹಾಕಿತಾ ಅಂತ.

ವಿರೋಧ: ತಮ್ಮನ ಮಾತು

ಮೀನು ಪೇಟೆಯ ಬೆಕ್ಕುಗಳ ಕತೆ ಓದಿ ನನಗೆ ಖುಷಿಯೇ ಆಯಿತು. ಮಾಣಿಯ, ಅಂದರೆ ಅಕ್ಕನ ಮಗನ, ಕಣ್ಣು ಚುರುಕು. ಆದರೆ ಅಕ್ಕ ದೇವಿಮನೆ ಘಟ್ಟದ ವಿಷಯ ಬಿಟ್ಟುಬಿಟ್ಟಿದ್ದಾಳೆ. ಅದನ್ನು ನಾನು ಬರೆಯಬೇಕು.

ರಜೆಗೆ ಅವರು ಕುಮಟಾ ಮೇಲೆ ಶಿರಸಿಗೆ ಬರುತ್ತಿದ್ದರು. ಘಟ್ಟದ ತಿರುವಿನಲ್ಲಿ ಕಟ್ಟೆಯ ಮೇಲೆ ಮಂಗಗಳು ಕೂತಿದ್ದವು. ಕಾರು ನಿಧಾನ ಆಯಿತು. ಮಾಣಿ ಕಿಟಕಿ ಇಳಿಸಿ ಚಿಪ್ಸ್ ಪೊಟ್ಟಣ ಚಾಚಿದ. ದೊಡ್ಡ ಗಂಡು ಮಂಗ ಒಂದೇ ನೆಗೆತಕ್ಕೆ ಬಾಗಿಲಿಗೆ ಬಂತು. ಪೊಟ್ಟಣದ ಜೊತೆ ಅವನ ಕೈಯ ಚರ್ಮವೂ ಕಿತ್ತಿತು. ಹುಚ್ಚುನಾಯಿ ಕಡಿತಕ್ಕೆ ಕೊಡುವ ಚುಚ್ಚುಮದ್ದನ್ನೇ ಇದಕ್ಕೂ ಕೊಡುತ್ತಾರೆ. ನಾಲ್ಕು ಸಲ ಹೋಗಬೇಕಾಯಿತು. ಅವನು ಅತ್ತಿದ್ದು ಸೂಜಿಗೆ ಅಲ್ಲ. "ಮಾವ, ಅದು ನನ್ನ ಫ್ರೆಂಡ್ ಆಗ್ತದೆ ಅಂದ್ಕೊಂಡಿದ್ದೆ" ಅಂದ. ಆ ಮಾತು ನನ್ನ ಎದೆಯಲ್ಲಿ ಇನ್ನೂ ಇದೆ.

ಪ್ರಾಣಿ ಅಂದರೆ ಫ್ರೆಂಡ್ ಅಂತ ಅವನಿಗೆ ಹೇಳಿದವರು ಯಾರು ಅಕ್ಕ?

ಪ್ರಾಣಿ ನಮ್ಮ ಫ್ರೆಂಡ್ ಅಲ್ಲ. ಶತ್ರುವೂ ಅಲ್ಲ. ಅದು ಅದರ ಪಾಡಿಗೆ ಇರುವ ಜೀವ. ಈ ತಿಳಿವಳಿಕೆ ನಮ್ಮೂರಿನ ಮಕ್ಕಳಿಗೆ ಹೇಗೋ ಬಂದುಬಿಡುತ್ತದೆ. ಘಟ್ಟದಲ್ಲಿ ತಿನ್ನಲಿಕ್ಕೆ ಎಸೆದು ಎಸೆದು ಮಂಗಗಳು ರಸ್ತೆಗೆ ಬಂದಿವೆ, ಲಾರಿ ಚಕ್ರಕ್ಕೆ ಸಿಗುತ್ತಿವೆ. ಮನುಷ್ಯರ ಹೆದರಿಕೆ ಬಿಟ್ಟ ಗುಂಪು ತೋಟಕ್ಕೆ ಇಳಿದರೆ ಬಾಳೆಕೊನೆ ಇಲ್ಲ, ಎಳನೀರು ಇಲ್ಲ, ಎಳೆ ಅಡಿಕೆಯನ್ನೂ ಚೀಪಿ ಎಸೆಯುತ್ತವೆ. ನಾನು ಬೆಳಿಗ್ಗೆ ಎದ್ದು ಗರ್ನಾಲು ಪಟಾಕಿ ಹಚ್ಚಬೇಕು. ಮಾಣಿ ಅವತ್ತು ನನ್ನನ್ನು ನೋಡಿದ ನೋಟ ನನಗೆ ಗೊತ್ತು. ಅವನ ಕಾರ್ಟೂನಿನಲ್ಲಿ ಪ್ರಾಣಿಯನ್ನು ಓಡಿಸುವವನು ಕೆಟ್ಟವನು, ಕೊನೆಗೆ ಮುಖಕ್ಕೆ ಮಸಿ ಬಳಿಸಿಕೊಳ್ಳುವವನು. ಮರಿಯನ್ನು ಹೊಟ್ಟೆಗೆ ಕಟ್ಟಿಕೊಂಡ ತಾಯಿಮಂಗ ಮರದಲ್ಲಿದ್ದರೆ ಅವನ ಮಾವ ಗರ್ನಾಲು ಹಚ್ಚದೆ ಕಾಯುತ್ತಾನೆ ಅನ್ನುವುದು ಯಾವ ಕಾರ್ಟೂನಿನಲ್ಲೂ ಬರುವುದಿಲ್ಲ.

ಅದಕ್ಕಿಂತ ದೊಡ್ಡ ಮಾತು ಇನ್ನೊಂದಿದೆ. ಅಲ್ಲಿ ಬಿದ್ದದ್ದು ಏಳುತ್ತದೆ. ಈ ಹನಿ-ಬನ್ನಿ ಇರಲಿ, ಮೂರು ಇಲಿಗಳು ನಾಯಿಯನ್ನು ಅಟ್ಟಾಡಿಸುವ ಪಕ್ಡಂ ಪಕಡಾಯಿ ಇರಲಿ, ಮಹಡಿಯಿಂದ ಬಿದ್ದ ಪ್ರಾಣಿ ಹಪ್ಪಳದ ಹಾಗೆ ಚಪ್ಪಟೆಯಾಗಿ ಮರುಕ್ಷಣ ಎದ್ದು ಓಡುತ್ತದೆ. ಮಕ್ಕಳು ನಗುತ್ತಾರೆ.

ನಮ್ಮ ಸೀಮೆಯಲ್ಲಿ ಮಂಗ ಬಿದ್ದರೆ ಯಾರೂ ನಗುವುದಿಲ್ಲ. 1957ರಲ್ಲಿ ಪಕ್ಕದ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಯತೊಡಗಿದಾಗ ಈ ಕಾಯಿಲೆ ಗೊತ್ತಾಯಿತು. ಮಂಗನ ಕಾಯಿಲೆ ಅಂತಲೇ ಕರೆಯುತ್ತೇವೆ. ಸಿದ್ದಾಪುರದ ಕಡೆ ಈಗಲೂ ಬೇಸಿಗೆ ಬಂತು ಅಂದರೆ ಅದರ ಭಯ. ಹರಡುವುದು ಉಣುಗಿನಿಂದ, ಅಂದರೆ ಉಣ್ಣಿಯಿಂದ. ಮಂಗ ಸತ್ತರೆ ಅದರ ಮೈಮೇಲಿನ ಉಣುಗು ಕೆಳಗಿಳಿದು ಸುತ್ತ ಹರಡುತ್ತದೆ. ಅದಕ್ಕೇ ಸತ್ತ ಮಂಗದ ಹತ್ತಿರ ಹೋಗಬಾರದು, ಆರೋಗ್ಯ ಇಲಾಖೆಗೆ ತಿಳಿಸಬೇಕು. ಬೆಟ್ಟಕ್ಕೆ ದರಕು, ಅಂದರೆ ಒಣಗಿದ ಎಲೆ, ತರಲು ಹೋಗುವವರು ಇಲಾಖೆ ಕೊಡುವ ಎಣ್ಣೆ ಕೈಕಾಲಿಗೆ ಹಚ್ಚಿಕೊಂಡೇ ಹೋಗಬೇಕು. ನಾನು ಹೈಸ್ಕೂಲಿನಲ್ಲಿದ್ದಾಗ ನಮ್ಮ ಸೊಪ್ಪಿನ ಬೆಟ್ಟದಲ್ಲಿ ಒಂದು ಮುಸುವ, ಅಂದರೆ ಕಪ್ಪು ಮುಖದ ಮಂಗ, ಸತ್ತು ಬಿದ್ದಿತ್ತು. ಅಪ್ಪ ನಮ್ಮನ್ನು ದೂರದಲ್ಲೇ ತಡೆದು ನಿಲ್ಲಿಸಿದ್ದು, ಅವತ್ತು ಮನೆಯಲ್ಲಿ ಯಾರೂ ಸರಿಯಾಗಿ ಊಟ ಮಾಡದೆ ಇದ್ದದ್ದು ಅಕ್ಕನಿಗೂ ನೆನಪಿರಬೇಕು. ಪ್ರಾಣಿಯ ಸಾವಿಗೂ ನಮ್ಮ ಬದುಕಿಗೂ ಅಷ್ಟು ಹತ್ತಿರದ ನಂಟಿದೆ ಇಲ್ಲಿ.

ವಾಲಿಯ ಮಾತು ತೆಗೆದೆ ನೀನು. ಆ ಆಟವನ್ನು ನಾವಿಬ್ಬರೂ ಒಂದೇ ಕಂಬಳಿ ಹೊದ್ದು ನೋಡಿದವರು. ವಾಲಿಗೆ ಬಾಣ ತಾಗಿದ ಮೇಲೆ ಅವನು ಏಳುವುದಿಲ್ಲ. ಬಿದ್ದಲ್ಲಿಂದಲೇ ರಾಮನನ್ನು ಕೇಳುತ್ತಾನೆ, ಮರೆಯಲ್ಲಿ ನಿಂತು ಯಾಕೆ ಹೊಡೆದೆ ಅಂತ. ಚಂಡೆ ನಿಂತಿರುತ್ತದೆ. ಬೆಳಗಿನ ಜಾವ ಆಗಿರುತ್ತದೆ. ನೀನು ಆಗ ಅತ್ತಿದ್ದೆ ಅಕ್ಕ, ನಾನು ನೋಡಿದ್ದೇನೆ. ಪಂಚತಂತ್ರವೂ ಹಾಗೇ. ನರಿಯ ಚಾಡಿ ಮಾತಿಗೆ ಸಂಜೀವಕ ಅನ್ನುವ ಎತ್ತು ಗೆಳೆಯನಾದ ಸಿಂಹದ ಕೈಯಲ್ಲೇ ಸಾಯುತ್ತದೆ. ಮುಂದಿನ ಕತೆಯಲ್ಲಿ ಅದು ಎದ್ದು ಬರುವುದಿಲ್ಲ. ನಮ್ಮ ಹಿರಿಯರು ಪ್ರಾಣಿಗಳ ಬಾಯಲ್ಲಿ ಮಾತು ಇಟ್ಟರು, ಆದರೆ ನೋವನ್ನು ಕಿತ್ತುಕೊಳ್ಳಲಿಲ್ಲ.

ಕನ್ನಡದ ವಿಷಯದಲ್ಲಿ ನಿನ್ನ ಮಾತು ಒಪ್ಪುತ್ತೇನೆ. ಅದಕ್ಕೆ ನನ್ನ ತಕರಾರಿಲ್ಲ.

ನನಗೆ ಎಲ್ಲಕ್ಕಿಂತ ಬೇಸರ ತಂದದ್ದು ಮಂಗಟ್ಟೆ ಹಕ್ಕಿಯ ಗೂಡಿನ ಹತ್ತಿರ. ತೋಟದ ಅಂಚಿನ ಹಳೇ ಮರದ ಪೊಟರೆಯಲ್ಲಿ ಬೂದು ಮಂಗಟ್ಟೆ ಗೂಡು ಮಾಡಿತ್ತು. ಹೆಣ್ಣು ಪೊಟರೆಯ ಒಳಗೆ ಸೇರಿ, ಬಾಯಿಯನ್ನು ತನ್ನ ಹಿಕ್ಕೆಯಿಂದಲೇ ಮೆತ್ತಿ ಮುಚ್ಚಿಕೊಳ್ಳುತ್ತದೆ. ಸಣ್ಣ ಸೀಳು ಮಾತ್ರ ಬಿಡುತ್ತದೆ. ವಾರಗಟ್ಟಲೆ ಒಳಗೇ ಇರುತ್ತದೆ. ಗಂಡು ಕಾಡೆಲ್ಲ ಸುತ್ತಿ ಹಣ್ಣು ತಂದು ಆ ಸೀಳಿನಿಂದ ಕೊಡುತ್ತದೆ. ಇದನ್ನು ತೋರಿಸಬೇಕು ಅಂತ ಮಾಣಿಯನ್ನು ಕರೆದುಕೊಂಡು ಹೋದೆ. ಐದು ನಿಮಿಷಕ್ಕೆ ಅವನು ಎದ್ದ. "ಏನೂ ಆಗ್ತಾ ಇಲ್ಲ ಮಾವ."

ಏನೂ ಆಗದ ಹೊತ್ತೇ ಕಾಡಿನಲ್ಲಿ ಜಾಸ್ತಿ. ಆ ಹೊತ್ತನ್ನು ಕೂತು ಕಳೆಯಲು ಬಾರದ ಮಗು ಪ್ರಾಣಿಯ ಹತ್ತಿರ ಹೇಗೆ ಹೋಗುತ್ತದೆ? ಟೀವಿಯ ಬೆಕ್ಕು ಪ್ರತಿ ಕ್ಷಣ ಏನಾದರೂ ಮಾಡುತ್ತಲೇ ಇರುತ್ತದೆ. ನಮ್ಮ ಅಂಗಳದ ಬೆಕ್ಕು ದಿನದ ಮುಕ್ಕಾಲು ಪಾಲು ಮಲಗಿರುತ್ತದೆ. ಮಲಗಿದ ಬೆಕ್ಕನ್ನು ನೋಡುವ ತಾಳ್ಮೆ ಅವನಿಗೆ ಬಂದ ದಿನ ನಾನು ನನ್ನ ಮಾತು ಹಿಂದೆ ತೆಗೆದುಕೊಳ್ಳುತ್ತೇನೆ.

ಮರುದಿನ ಮತ್ತೆ ಕರೆದುಕೊಂಡು ಹೋದೆ. ಗಂಡು ಹಕ್ಕಿ ಬರಲಿಲ್ಲ. ಮೂರನೇ ದಿನ, ನಾವು ಏಳಬೇಕು ಅನ್ನುವಷ್ಟರಲ್ಲಿ ಗಂಡು ಬಂದು ಕೂತಿತು. ಗಂಟಲಿನಿಂದ ಒಂದೊಂದೇ ಹಣ್ಣು ತೆಗೆದು ಸೀಳಿಗೆ ಕೊಟ್ಟಿತು. ಮಾಣಿ ಉಸಿರು ಬಿಗಿಹಿಡಿದು ನೋಡಿದ. ಮನೆ ಮುಟ್ಟುವ ತನಕ ಒಂದು ಮಾತೂ ಆಡಲಿಲ್ಲ. ಜಗಲಿ ಹತ್ತಿದ ಮೇಲೆ ಅಜ್ಜನಿಗೆ ಹೇಳಿದ, ಒಳಗಿದ್ದ ಹಕ್ಕಿಯ ಕೊಕ್ಕಿನ ತುದಿ ಮಾತ್ರ ಕಂಡಿತು ಅಂತ.

ಈ ಸಲ ರಜೆ ಬಿದ್ದ ದಿನವೇ ಅವನನ್ನು ಕಳಿಸು ಅಕ್ಕ. ಮೇ ಕೊನೆಗೆ ಪೊಟರೆ ಖಾಲಿಯಾಗಿರುತ್ತದೆ.